ಅಂಗಳದ ಮಾತು, ಅಂಗನವಾಡಿಯ ಮಾತು: ‘ದೀರ್ಘಕಾಲೀನ ಪರಿಣಾಮ’ದ ಬಗ್ಗೆ ಆದವಾನಿ ಸೀಮೆಯಿಂದ ಒಂದು ಓದು

(ವಿಭಾಗದ ಆನ್‌ಲೈನ್ ವಿಚಾರ ಸಂಕಿರಣದಲ್ಲಿ ಮಂಡಿಸಿದ ಪ್ರಬಂಧದ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೆಯೇ ಉಳಿಸಿಕೊಳ್ಳಲಾಗಿದೆ. ಕೊನೆಗೆ ಸಂವಾದದ ಎರಡು ಪ್ರಶ್ನೆಗಳನ್ನು ಸೇರಿಸಿದೆ.)

ಸಾಹಿತ್ಯದ ವಿದ್ಯಾರ್ಥಿನಿ ಅಂಗನವಾಡಿ ಬಗ್ಗೆ ಯಾಕೆ ಮಾತಾಡ್ತಾಳೆ ಅಂತ ನಿಮಗೆ ಅನ್ನಿಸಬಹುದು. ನನಗೂ ಮೊದಲು ಹಾಗೇ ಅನ್ನಿಸಿತ್ತು. ಹೋದ ತಿಂಗಳು ಅಕ್ಕ ಫೋನ್ ಮಾಡಿ ಒಂದು ಪ್ರಶ್ನೆ ಕೇಳಿದಳು. ಅವಳ ಸಣ್ಣ ಮಗಳಿಗೆ ಮೂರು ತುಂಬಿದೆ. “ನೀ ಓದಿದಾಕಿ, ಹೇಳು. ಇಕಿನ್ನ ಎಲ್ಲಿಗೆ ಹಾಕಾದು?” ಅಂದಳು. ಉತ್ತರ ಹುಡುಕೋಕೆ ಹೋಗಿ ಶಿಶುಶಿಕ್ಷಣದ ದೀರ್ಘಕಾಲೀನ ಪರಿಣಾಮಗಳ ಅಧ್ಯಯನಗಳನ್ನು ಓದಿದೆ. ಓದುತ್ತಾ ಹೋದ ಹಾಗೆ ನನಗೆ ಅವು ಪಠ್ಯಗಳಾಗಿ ಕಾಣತೊಡಗಿದವು. ಅವುಗಳಲ್ಲೂ ನಿರೂಪಕರಿದ್ದಾರೆ, ಪಾತ್ರಗಳಿವೆ, ಹೇಳದೆ ಬಿಟ್ಟ ಸಂಗತಿಗಳಿವೆ. ಹೀಗಾಗಿ ಈ ಪ್ರಬಂಧ ಒಂದು ವಿಮರ್ಶೆ.

ನಮ್ಮ ಊರು ಕರ್ನೂಲು ಜಿಲ್ಲೆಯ ಹೊಳಗುಂದ ಮಂಡಲದಲ್ಲಿದೆ. ನಮಗೆ ಪೇಟೆ ಅಂದರೆ ಒಂದು ಕಡೆ ಆದವಾನಿ, ಇನ್ನೊಂದು ಕಡೆ ಸಿರುಗುಪ್ಪ. ಮದರಾಸು ಪ್ರಾಂತ್ಯದ ಕಾಲದಲ್ಲಿ ಆದವಾನಿ, ಆಲೂರು ಎರಡೂ ಬಳ್ಳಾರಿ ಜಿಲ್ಲೆಯ ತಾಲೂಕುಗಳು. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಆದಾಗ ಬಳ್ಳಾರಿಯ ಹೆಚ್ಚಿನ ಭಾಗ ಮೈಸೂರಿಗೆ ಬಂತು. ಆದವಾನಿ, ಆಲೂರು, ರಾಯದುರ್ಗ ಆಂಧ್ರದಲ್ಲೇ ಉಳಿದವು. ರಾಯದುರ್ಗ ಅನಂತಪುರಕ್ಕೆ, ಉಳಿದೆರಡು ಕರ್ನೂಲಿಗೆ ಸೇರಿದವು. ಗಡಿ ಬಿದ್ದದ್ದು ನಕ್ಷೆಯ ಮೇಲೆ. ಮನೆಗಳಲ್ಲಿ ಕನ್ನಡ ಇತ್ತು, ಈಗಲೂ ಇದೆ. ಸಂತೆಯಲ್ಲಿ ತೆಲುಗು, ಆದವಾನಿ ಪೇಟೆಯಲ್ಲಿ ಉರ್ದುವೂ ಸೇರಿ ಮೂರು ಭಾಷೆ. ದೊಡ್ಡವರಿಗೆ ಇದು ಕಷ್ಟ ಅಲ್ಲ. ಮೂರು ವರ್ಷದ ಮಗುವಿಗೆ ಇದು ಏನು ಅನ್ನೋದೇ ನನ್ನ ಪ್ರಶ್ನೆ.

1. ‘ಪರಿಣಾಮ’ ಅಂದರೇನು?

ಶೀರ್ಷಿಕೆಯ ಪದದಿಂದಲೇ ಶುರು ಮಾಡ್ತೀನಿ. ಇಂದಿನ ಬರಹದಲ್ಲಿ ‘ಪರಿಣಾಮ’ ಅಂದರೆ ಒಂದು ಕಾರಣದಿಂದ ಹುಟ್ಟಿದ ಫಲಿತ, ಅಳೆಯಬಹುದಾದದ್ದು. ಆದರೆ ಈ ಪದಕ್ಕೆ ಹಳೆಯ ಅರ್ಥಗಳಿವೆ. ದರ್ಶನಶಾಸ್ತ್ರದಲ್ಲಿ ಪರಿಣಾಮ ಅಂದರೆ ವಸ್ತುವೇ ಬೇರೆ ರೂಪಕ್ಕೆ ತಿರುಗುವುದು; ಹಾಲು ಮೊಸರಾಗುವುದು ಅದಕ್ಕೆ ಕೊಡುವ ಸಾಮಾನ್ಯ ಉದಾಹರಣೆ. ವಚನಗಳಲ್ಲಿ ಅದೇ ಪದ ತೃಪ್ತಿ, ನೆಮ್ಮದಿ ಅನ್ನುವ ಅರ್ಥದಲ್ಲಿ ಬರುತ್ತದೆ. ಹಾಗಾದರೆ ‘ಶಿಶುಶಿಕ್ಷಣದ ದೀರ್ಘಕಾಲೀನ ಪರಿಣಾಮ’ ಅಂದಾಗ ಕೇಳಬೇಕಾದ ಪ್ರಶ್ನೆ ಮೂರು. ಏನು ಫಲ ಸಿಕ್ಕಿತು? ಮಗು ಏನಾಗಿ ತಿರುಗಿತು? ಆ ತಿರುಗುವಿಕೆಯಲ್ಲಿ ಅದಕ್ಕೆ ನೆಮ್ಮದಿ ಇತ್ತಾ? ಅಧ್ಯಯನಗಳು ಮೊದಲನೆಯದನ್ನು ಚೆನ್ನಾಗಿ ಕೇಳುತ್ತವೆ. ಎರಡನೆಯದನ್ನು ಸ್ವಲ್ಪ ಕೇಳುತ್ತವೆ. ಮೂರನೆಯದು ಅವುಗಳ ಕೋಷ್ಟಕದಲ್ಲಿ ಹೆಚ್ಚು ಬರುವುದಿಲ್ಲ.

2. ಅಧ್ಯಯನಗಳು ಹೇಳುವ ಕತೆ

ಎಲ್ಲರೂ ಮೊದಲು ಹೆಸರಿಸುವುದು ಅಮೆರಿಕದ ಪೆರಿ ಪ್ರಿಸ್ಕೂಲ್ ಅಧ್ಯಯನವನ್ನು. ಮಿಶಿಗನ್ ರಾಜ್ಯದ ಇಪ್ಸಿಲಾಂಟಿಯಲ್ಲಿ 1962ರಿಂದ 1967ರವರೆಗೆ ಬಡ ಕುಟುಂಬಗಳ 123 ಕಪ್ಪು ಮಕ್ಕಳನ್ನು ಎರಡು ಗುಂಪು ಮಾಡಿದರು. 58 ಮಕ್ಕಳಿಗೆ ಶಾಲಾಪೂರ್ವ ಶಿಕ್ಷಣ ಸಿಕ್ಕಿತು, 65 ಮಕ್ಕಳಿಗೆ ಸಿಗಲಿಲ್ಲ. ಬುದ್ಧಿಮತ್ತೆಯ ಪರೀಕ್ಷೆಯಲ್ಲಿ ಮೊದಲು ಕಂಡ ಏರಿಕೆ ಕೆಲವೇ ವರ್ಷಗಳಲ್ಲಿ ಕರಗಿಹೋಯಿತು. ಆದರೆ ನಲವತ್ತನೆ ವಯಸ್ಸಿಗೆ ನೋಡಿದಾಗ ಶಿಕ್ಷಣ ಪಡೆದ ಗುಂಪಿನವರ ಗಳಿಕೆ ಹೆಚ್ಚಿತ್ತು, ಬಂಧನಕ್ಕೆ ಒಳಗಾದವರು ಕಡಿಮೆ ಇದ್ದರು. ಅಂಕ ಕರಗಿತು, ಬದುಕಿನಲ್ಲಿ ಏನೋ ಉಳಿಯಿತು.

ಇದಕ್ಕೆ ಎದುರು ಕತೆಯೂ ಇದೆ. ಟೆನಿಸೀ ರಾಜ್ಯದ ಶಾಲಾಪೂರ್ವ ಕಾರ್ಯಕ್ರಮದ ಅಧ್ಯಯನದ 2022ರ ವರದಿ ನೋಡಿ. ಆರನೆ ತರಗತಿಗೆ ಬರುವ ಹೊತ್ತಿಗೆ ಕಾರ್ಯಕ್ರಮಕ್ಕೆ ಹೋದ ಮಕ್ಕಳೇ ಪರೀಕ್ಷೆಯಲ್ಲೂ ಶಿಸ್ತಿನ ವಿಷಯದಲ್ಲೂ ಹಿಂದೆ ಇದ್ದರು. ಅಂದರೆ ಮಗುವನ್ನು ಬೇಗ ಕೂರಿಸಿದ ಮಾತ್ರಕ್ಕೆ ಒಳ್ಳೆಯದಾಗುವುದಿಲ್ಲ. ಎಲ್ಲಿ, ಹೇಗೆ, ಯಾರ ಹತ್ತಿರ ಕೂರಿಸಿದಿರಿ ಅನ್ನೋದು ಮುಖ್ಯ.

ನಮ್ಮ ಕಡೆಗೆ ಬರೋಣ. ಸಮಗ್ರ ಶಿಶು ಅಭಿವೃದ್ಧಿ ಯೋಜನೆ 1975ರ ಅಕ್ಟೋಬರ್ 2ರಂದು 33 ಬ್ಲಾಕ್‌ಗಳಲ್ಲಿ ಶುರುವಾಯಿತು. ಕರ್ನಾಟಕದಲ್ಲಿ ಮೊದಲು ಬಂದದ್ದು ಟಿ. ನರಸೀಪುರಕ್ಕೆ. ಈ ಯೋಜನೆಯ ಪರಿಣಾಮದ ಬಗ್ಗೆ ಒಂದು ಮುಖ್ಯ ಅಧ್ಯಯನ ನಡೆದದ್ದು ಅಂದಿನ ಆಂಧ್ರಪ್ರದೇಶದಲ್ಲೇ. 1987ರಿಂದ 1990ರವರೆಗೆ ಹೈದರಾಬಾದಿನ ಸುತ್ತಲಿನ 29 ಹಳ್ಳಿಗಳನ್ನು ನೋಡಿದರು. 15 ಹಳ್ಳಿಗಳ ಗರ್ಭಿಣಿಯರಿಗೆ, ಚಿಕ್ಕ ಮಕ್ಕಳಿಗೆ ಯೋಜನೆಯ ಪೂರಕ ಆಹಾರವಾಗಿ ಉಪ್ಪಿಟ್ಟು ಸಿಗುತ್ತಿತ್ತು. 14 ಹಳ್ಳಿಗಳಿಗೆ ಯೋಜನೆ ಇನ್ನೂ ಬಂದಿರಲಿಲ್ಲ. 2003ರಿಂದ 2005ರ ನಡುವೆ, ಅದೇ ಮಕ್ಕಳು 13ರಿಂದ 18 ವಯಸ್ಸಿನವರಾಗಿದ್ದಾಗ, ಮತ್ತೆ ಹುಡುಕಿ ಅಳೆದರು. ಆಹಾರ ಸಿಕ್ಕ ಹಳ್ಳಿಗಳ ಮಕ್ಕಳು ಸರಾಸರಿ 14 ಮಿಲಿಮೀಟರ್ ಎತ್ತರ ಇದ್ದರು. ಶಾಲೆಯಲ್ಲಿ ಉಳಿದವರೂ ಅವರಲ್ಲೇ ಹೆಚ್ಚು. ತರಗತಿಗಳ ಲೆಕ್ಕದಲ್ಲಿ ಅವರು ಸುಮಾರು ಮುಕ್ಕಾಲು ವರ್ಷಕ್ಕಿಂತ ಹೆಚ್ಚು ಮುಂದಿದ್ದರು. ಒಂದು ತಟ್ಟೆ ಉಪ್ಪಿಟ್ಟು ಹದಿನೈದು ವರ್ಷ ಆದ ಮೇಲೂ ಕಾಣಿಸುತ್ತದೆ ಅನ್ನೋದು ಸಣ್ಣ ಮಾತಲ್ಲ. ಅಂಗನವಾಡಿ ಅಂದರೆ ‘ಉಪ್ಪಿಟ್ಟಿನ ಸಾಲಿ’ ಅಂತ ನಗುವವರು ಇದನ್ನು ಓದಬೇಕು.

2002ರ ಹೊತ್ತಿಗೆ ಶುರುವಾದ ‘ಯಂಗ್ ಲೈವ್ಸ್’ ಅಧ್ಯಯನ ಆಂಧ್ರದ ಸುಮಾರು 3000 ಮಕ್ಕಳ ಬೆನ್ನು ಹತ್ತಿತು. ರಾಯಲಸೀಮೆಯಿಂದ ಅನಂತಪುರ, ಕಡಪ ಅದರಲ್ಲಿದ್ದವು, ಕರ್ನೂಲು ಇರಲಿಲ್ಲ. ಇಂಥ ಅಧ್ಯಯನಗಳಲ್ಲಿ ಮಗುವಿನ ಶಬ್ದಸಂಪತ್ತನ್ನು ಅಳೆಯುವ ಪರೀಕ್ಷೆ ಇರುತ್ತದೆ. ಚಿತ್ರ ತೋರಿಸಿ ಪದ ಕೇಳುತ್ತಾರೆ. ಸಾಹಿತ್ಯದ ವಿದ್ಯಾರ್ಥಿನಿಯಾಗಿ ನನಗೆ ಅಲ್ಲೇ ಕಾಲು ತಡೆಯಿತು. ಎತ್ತರಕ್ಕೆ ಭಾಷೆ ಇಲ್ಲ. ಶಬ್ದಕ್ಕೆ ಇದೆ. ಹಾಗಾದರೆ ಯಾವ ಭಾಷೆಯಲ್ಲಿ ಕೇಳಿದಿರಿ?

3. ಆತ್ಮಕಥೆ ಅನ್ನುವ ಇನ್ನೊಂದು ಅಧ್ಯಯನ

ಕನ್ನಡದಲ್ಲಿ ನಮಗೆ ಗೊತ್ತಿರುವ ದೀರ್ಘಕಾಲೀನ ಅಧ್ಯಯನ ಅಂದರೆ ಆತ್ಮಕಥೆ. ಕುವೆಂಪು ‘ನೆನಪಿನ ದೋಣಿಯಲ್ಲಿ’ ಬರೆದಾಗ ಕುಪ್ಪಳಿ ಮನೆಯಲ್ಲಿ ಐಗಳು ಪಾಠ ಹೇಳಿದ ದಿನಗಳಿಂದ ಎಷ್ಟೋ ದಶಕ ದಾಟಿದ್ದರು. ಅರವಿಂದ ಮಾಲಗತ್ತಿಯವರ ‘ಗೌರ್ಮೆಂಟ್ ಬ್ರಾಹ್ಮಣ’, ಸಿದ್ಧಲಿಂಗಯ್ಯನವರ ‘ಊರುಕೇರಿ’ ಎರಡರಲ್ಲೂ ಬಾಲ್ಯದ ಕಲಿಕೆಗೆ ದೊಡ್ಡ ಜಾಗ ಇದೆ. ಮಗು ಏನಾಗಿ ತಿರುಗಿತು, ಅದಕ್ಕೆ ಅವಮಾನ ಆಯಿತಾ, ನೆಮ್ಮದಿ ಇತ್ತಾ ಅನ್ನುವ ಪ್ರಶ್ನೆಗಳಿಗೆ ಇವು ಉತ್ತರ ಕೊಡುತ್ತವೆ. ವರದಿಗಳು ಬಿಟ್ಟದ್ದನ್ನು ಇವು ಹಿಡಿಯುತ್ತವೆ.

ಆದರೆ ಇಲ್ಲೊಂದು ದೋಷ ಇದೆ. ನಮ್ಮ ವಿಭಾಗದಲ್ಲಿ ಅದನ್ನು ನಾವು ಸಾಕಷ್ಟು ಗಮನಿಸಿಲ್ಲ ಅಂತ ನನಗನ್ನಿಸುತ್ತೆ. ಆತ್ಮಕಥೆ ಬರೆಯುವವರು ಶಾಲೆಯಲ್ಲಿ ಉಳಿದವರು. ನಡುವೆ ಬಿಟ್ಟುಹೋದವರು ಬರೆಯುವುದಿಲ್ಲ. ಎಷ್ಟೇ ನೋವಿನ ಬಾಲ್ಯ ಇದ್ದರೂ ಆ ಪುಸ್ತಕದ ಕೊನೆಯಲ್ಲಿ ಒಬ್ಬ ಲೇಖಕ ಇದ್ದೇ ಇರುತ್ತಾನೆ. ಸಮೀಕ್ಷೆ ಈ ವಿಷಯದಲ್ಲಿ ಪ್ರಾಮಾಣಿಕ; ಬಿಟ್ಟುಹೋದವರನ್ನೂ ಅದು ಎಣಿಸಲು ನೋಡುತ್ತದೆ. ಹಾಗಾಗಿ ಒಂದನ್ನು ಇನ್ನೊಂದರ ಪಕ್ಕ ಇಟ್ಟು ಓದಬೇಕು. ಹಾಗೆ ಓದಿದ ಮೇಲೂ ಎರಡರ ಕಣ್ಣಿಗೂ ಬೀಳದೆ ಉಳಿಯುವ ಸಂಗತಿಗಳಿವೆ. ಎರಡನ್ನು ಹೇಳ್ತೀನಿ.

4. ಹಾಜರಿ ಪುಸ್ತಕದಲ್ಲಿ ಇಲ್ಲದ ಹುಡುಗಿ

ಮೊದಲನೆಯದು ನನ್ನ ಅಕ್ಕ. ನನಗಿಂತ ಐದು ವರ್ಷ ದೊಡ್ಡವಳು. ಆದವಾನಿ ಸುತ್ತಲಿನದು ಹತ್ತಿ ಸೀಮೆ. ಹತ್ತಿ ಬಿಡಿಸುವ ದಿನಗಳಲ್ಲಿ ಅವ್ವ ಬೆಳಗ್ಗೆ ಕೂಲಿಗೆ ಹೋದರೆ ಬರುವುದು ಹೊತ್ತು ಮುಳುಗಿದ ಮೇಲೆ. ಅಷ್ಟು ಹೊತ್ತು ನನ್ನನ್ನು ಎತ್ತಿಕೊಂಡು ತಿರುಗುತ್ತಿದ್ದವಳು ಅಕ್ಕ. ಅವಳನ್ನು ಸಾಲಿಗೆ ಹಾಕಿ ಅಂತ ಮೇಷ್ಟ್ರು ಮನೆಗೆ ಬಂದಾಗ ಅವ್ವ ಹೇಳಿದ ಮಾತನ್ನು ಅಕ್ಕ ಈಗಲೂ ನಗುತ್ತಾ ಹೇಳ್ತಾಳೆ: “ಇಕಿ ಸಾಲಿಗೆ ಹೋದ್ರ ಅಕಿನ್ನ ಯಾರು ಹಿಡ್ಕಣಾದು?” 2004ರಲ್ಲಿ, ನನಗೆ ಮೂರು ತುಂಬಿದಾಗ, ಊರಿನ ಅಂಗನವಾಡಿಗೆ ನನ್ನನ್ನು ಬಿಟ್ಟರು. ಅದೇ ವಾರ ಅಕ್ಕ ಒಂದನೆ ತರಗತಿಗೆ ಸೇರಿದಳು, ಎಂಟನೆ ವಯಸ್ಸಿನಲ್ಲಿ. ಏಳನೆ ತರಗತಿವರೆಗೆ ಓದಿದಳು. ಇವತ್ತು ಸ್ವಸಹಾಯ ಸಂಘದ ಲೆಕ್ಕ ಬರೆಯುವವಳು ಅವಳೇ.

ಈಗ ಹೇಳಿ, ನಮ್ಮ ಊರಿನ ಅಂಗನವಾಡಿಯ ದೊಡ್ಡ ಪರಿಣಾಮ ಯಾರ ಮೇಲೆ ಆಯಿತು? ಹಾಜರಿ ಪುಸ್ತಕದಲ್ಲಿ ಇದ್ದದ್ದು ನನ್ನ ಹೆಸರು. ಅಧ್ಯಯನ ಮಾಡುವವರು ಬಂದಿದ್ದರೆ ನನ್ನ ಎತ್ತರ, ನನ್ನ ಅಂಕ ಬರೆದುಕೊಂಡು ಹೋಗುತ್ತಿದ್ದರು. ಅಂಗನವಾಡಿಗೆ ಒಂದು ದಿನವೂ ಹೋಗದ ಅಕ್ಕನ ಏಳು ವರ್ಷದ ಓದು ಯಾವ ಲೆಕ್ಕಕ್ಕೂ ಬರುತ್ತಿರಲಿಲ್ಲ. ಕರ್ನೂಲು ಜಿಲ್ಲೆ ಹೈಬ್ರಿಡ್ ಹತ್ತಿ ಬೀಜದ ಹೊಲಗಳಲ್ಲಿ ದುಡಿಯುವ ಹುಡುಗಿಯರಿಂದಾಗಿ ಸುದ್ದಿಯಾದ ಜಿಲ್ಲೆ. ಅಲ್ಲಿ ಹುಡುಗಿಯರನ್ನು ಶಾಲೆಗೆ ತರುವ ಮಾತು ಬಂದಾಗಲೆಲ್ಲ ಕೂಲಿಯ ಬಗ್ಗೆ ಚರ್ಚೆ ಆಗುತ್ತದೆ, ಆಗಲೇಬೇಕು. ಆದರೆ ಕಂಕುಳಲ್ಲಿರುವ ತಮ್ಮ ತಂಗಿಯರಿಗೆ ಒಂದು ಜಾಗ ಸಿಗದೆ ಆ ಹುಡುಗಿಯ ಕೈ ಖಾಲಿಯಾಗುವುದಿಲ್ಲ.

ಇದಕ್ಕೆ ಸೇರಿದ ಇನ್ನೊಂದು ಮಾತು. ನಮ್ಮ ಕಡೆಯ ಎಷ್ಟೋ ಕುಟುಂಬಗಳು ವರ್ಷದಲ್ಲಿ ಕೆಲವು ತಿಂಗಳು ಗುಂಟೂರು ಕಡೆ ಮೆಣಸಿನಕಾಯಿ ಬಿಡಿಸೋಕೆ, ಇಲ್ಲ ಬೆಂಗಳೂರಿಗೆ ಕಟ್ಟಡ ಕೆಲಸಕ್ಕೆ ಹೋಗುತ್ತವೆ. ಮಕ್ಕಳೂ ಜೊತೆಗೆ ಹೋಗುತ್ತಾರೆ. ಅಧ್ಯಯನದ ಭಾಷೆಯಲ್ಲಿ ಇಂಥ ಮಗು ‘ಮಾದರಿಯಿಂದ ಕಳೆದುಹೋದದ್ದು’. ಮಗು ಕಳೆದುಹೋಗಿಲ್ಲ, ಗುಂಟೂರಲ್ಲಿದೆ. ವಾಕ್ಯದ ಕರ್ತೃವನ್ನು ಸ್ವಲ್ಪ ಬದಲಿಸಿ ಓದಿದರೆ ಕಳೆದುಕೊಂಡದ್ದು ಅಧ್ಯಯನವೇ ಅಂತ ಗೊತ್ತಾಗುತ್ತೆ.

5. ‘ಮಗು ಮಾತಾಡುವುದಿಲ್ಲ’

ಎರಡನೆಯದು ಭಾಷೆ. ನನಗೆ ಸಿಕ್ಕ ಟೀಚರ್ ನಮ್ಮ ಊರಿನ ಸೊಸೆ. ಹಾಜರಿ ಬರೆಯುತ್ತಿದ್ದದ್ದು ತೆಲುಗಿನಲ್ಲಿ, ಕತೆ ಹೇಳುತ್ತಿದ್ದದ್ದು ಕನ್ನಡದಲ್ಲಿ. ನಮಗೆ ಎರಡೂ ಸಹಜ ಅನ್ನಿಸುತ್ತಿತ್ತು. ಅಕ್ಕನ ಮಗ ಅಂಗನವಾಡಿಗೆ ಹೋಗುವ ಹೊತ್ತಿಗೆ ಪರಿಸ್ಥಿತಿ ಬೇರೆ. ಟೀಚರ್ ಬೇರೆ ಕಡೆಯವರು, ಒಳ್ಳೆಯವರು, ಕನ್ನಡ ಬಾರದು. ಮೂರು ತಿಂಗಳು ಹುಡುಗ ಅಲ್ಲಿ ಬಾಯಿ ಬಿಡಲಿಲ್ಲ. ಮಕ್ಕಳ ಬೆಳವಣಿಗೆ ಗುರುತಿಸುವ ಹಾಳೆಯಲ್ಲಿ ತೆಲುಗಿನಲ್ಲಿ ಒಂದು ಸಾಲು ಬಿತ್ತು: ಮಗು ಮಾತಾಡುವುದಿಲ್ಲ. ಮನೆಗೆ ಬಂದರೆ ಅವನ ಬಾಯಿ ನಿಲ್ಲುತ್ತಿರಲಿಲ್ಲ. ಹಾಳೆ ನೋಡಿ ಅಕ್ಕ ಹೆದರಿದಳು, ಆಸ್ಪತ್ರೆಗೂ ಹೋಗಿ ಬಂದಳು.

ಆ ಸಾಲನ್ನು ನಾನು ಹಲವು ಸಲ ಓದಿದೀನಿ. ವ್ಯಾಕರಣದಲ್ಲಿ ತಪ್ಪಿಲ್ಲ, ಕಣ್ಣಿಗೆ ಕಂಡದ್ದೂ ಅದೇ. ಆದರೆ ‘ಇಲ್ಲಿ’, ‘ನನ್ನ ಜೊತೆ’, ‘ಈ ಭಾಷೆಯಲ್ಲಿ’ ಅನ್ನುವ ಮೂರು ಪದ ಅದರಲ್ಲಿ ಇಲ್ಲ. ಅವು ಇಲ್ಲದಿದ್ದಕ್ಕೇ ಆ ಸಾಲು ಮಗುವಿನ ಸ್ವಭಾವವಾಗಿಬಿಟ್ಟಿತು. ಹಾಳೆಗಳು ಕೂಡಿ ವರದಿಯಾಗುತ್ತವೆ, ವರದಿಗಳು ಕೂಡಿ ಸರಾಸರಿ ಆಗುತ್ತವೆ. ಸರಾಸರಿಯಲ್ಲಿ ಅವನು ಹಿಂದುಳಿದ ಮಗು.

‘ಅಂಗನವಾಡಿ’ ಅನ್ನುವ ಪದವನ್ನೇ ನೋಡಿ. ತಾರಾಬಾಯಿ ಮೋಡಕ್, ಅನುತಾಯಿ ವಾಘ್ ಮಹಾರಾಷ್ಟ್ರದ ಬೋರ್ಡಿ, ಕೋಸಬಾಡದಲ್ಲಿ ಮಾಡಿದ ಕೆಲಸದ ಜೊತೆ ಬೆಳೆದ ಪದ ಇದು. ಮಕ್ಕಳು ಕೇಂದ್ರಕ್ಕೆ ಬಾರದಿದ್ದಾಗ ಕೇಂದ್ರವೇ ಅವರ ಅಂಗಳಕ್ಕೆ ಹೋಗಬೇಕು ಅನ್ನೋದು ಅದರ ತಿರುಳು. ನಮ್ಮಲ್ಲಿ ಅಂಗಳ ಉಳಿದಿದೆ, ಅಂಗಳದ ಮಾತು ಹೊರಗೆ ನಿಂತಿದೆ.

ವಿಷಾದ ಏನಂದರೆ, ಈ ಎರಡು ಭಾಷೆಗಳ ನಡುವೆ ದಾಟುವುದು ಬಹಳ ಸುಲಭ. ಪಕಾರ ಹಕಾರ ಆದದ್ದನ್ನು ನಾವು ಹಳಗನ್ನಡ ತರಗತಿಯಲ್ಲಿ ಓದಿದ್ದೇವೆ. ಹುಲಿ ತೆಲುಗಿನಲ್ಲಿ ಪುಲಿ, ಹಾಲು ಪಾಲು, ಹಂದಿ ಪಂದಿ, ನಮ್ಮ ಸೀಮೆಯ ಹತ್ತಿ ಪತ್ತಿ. ಮೂರು ವರ್ಷದ ಮಗುವಿಗೆ ಇದು ಆಟ. ಲಿಪಿಯೂ ಹಾಗೇ. ಒಂದೇ ಮೂಲದಿಂದ ಬಂದವು. ಎಷ್ಟೋ ಅಕ್ಷರಗಳಲ್ಲಿ ತಲೆಕಟ್ಟಿನ ಆಕಾರ ಒಂದೇ ವ್ಯತ್ಯಾಸ, ನಮ್ಮದು ಅಡ್ಡಗೆರೆ, ಅವರದು ಸರಿ ಗುರುತಿನ ಹಾಗೆ. ಅಕ್ಕನ ಮಗ ಈಗ ಮೂರನೆ ತರಗತಿ. ಅವನ ತೆಲುಗು ನೋಟ್‌ಬುಕ್ಕಿನಲ್ಲಿ ಕನ್ನಡದ ತಲೆಕಟ್ಟು ಬಿದ್ದ ಕಡೆಯೆಲ್ಲ ಕೆಂಪು ಸುತ್ತು ಇದೆ. ಎರಡೂ ಬಲ್ಲ ಒಬ್ಬರು ಪಕ್ಕ ಕೂತಿದ್ದರೆ ಅದೇ ಜಾಗದಲ್ಲಿ ಎರಡು ಲಿಪಿ ಕಲಿಸಬಹುದಿತ್ತು.

6. ಒಂದು ಆಕ್ಷೇಪ

ನನ್ನ ವಾದಕ್ಕೆ ನಮ್ಮ ಸಾಹಿತ್ಯದಲ್ಲೇ ಎದುರುತ್ತರ ಇದೆ. ಮಾಸ್ತಿಯವರ ಮನೆಮಾತು ತಮಿಳು, ಬೇಂದ್ರೆಯವರದು ಮರಾಠಿ, ಪಂಜೆಯವರದು ಕೊಂಕಣಿ. ಮನೆಮಾತಲ್ಲದ ಕನ್ನಡದಲ್ಲಿ ಕಲಿತು ಕನ್ನಡವನ್ನೇ ಬೆಳೆಸಿದರು. ಹಾಗಾದರೆ ನಮ್ಮ ಹುಡುಗ ತೆಲುಗಿನಲ್ಲಿ ಕಲಿತರೆ ಏನು ನಷ್ಟ?

ಇದು ಗಟ್ಟಿಯಾದ ಆಕ್ಷೇಪ. ತೆಲುಗು ಕಲಿಯುವುದರಲ್ಲಿ ನಷ್ಟ ಇದೆ ಅಂತ ನಾನು ಹೇಳ್ತಿಲ್ಲ, ಅದು ಅವನ ರಾಜ್ಯದ ಭಾಷೆ, ಅನ್ನದ ಭಾಷೆ. ಆದರೆ ಆ ಹಿರಿಯರ ಮನೆಗಳಲ್ಲಿ ಓದು ಬರಹ ಮೊದಲೇ ಇತ್ತು. ಅಕ್ಷರ ಅನ್ನೋದು ತಮ್ಮದು ಅಂತ ಆ ಮಕ್ಕಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಮೊದಲ ತಲೆಮಾರಿಗೆ ಸಾಲಿ ಮೆಟ್ಟಿಲು ಹತ್ತುವ ಮಗುವಿಗೆ ಅಂಥ ಆಸರೆ ಇಲ್ಲ. ಅದು ಮನೆಯಿಂದ ತರುವುದು ಮಾತೊಂದನ್ನೇ. ಆ ಮಾತು ಬಾಗಿಲಲ್ಲೇ ಉಳಿದರೆ ಮಗು ಬರಿಗೈಯಲ್ಲಿ ಒಳಗೆ ಹೋಗುತ್ತದೆ. ಆದ್ದರಿಂದ ನನ್ನ ವಾದವನ್ನು ತಿದ್ದಿಕೊಂಡು ಹೇಳ್ತೀನಿ: ಮೂರರಿಂದ ಆರರವರೆಗೆ ಮಗು ಯಾವ ಭಾಷೆ ಕಲಿಯಿತು ಅನ್ನುವುದಕ್ಕಿಂತ, ತನ್ನ ಮಾತಿಗೆ ಅಲ್ಲಿ ಉತ್ತರ ಸಿಕ್ಕಿತೇ ಅನ್ನುವುದೇ ದೂರ ಬರುವ ಪರಿಣಾಮ. ನನಗೆ ಸಿಕ್ಕಿತ್ತು. ನಾನು ಇಲ್ಲಿ ಕೂತು ಮಾತಾಡ್ತಿರುವುದಕ್ಕೆ ಅದೂ ಒಂದು ಕಾರಣ.

ಇದು ಆಗದ ಕೆಲಸ ಅಲ್ಲ. ಪ್ರಾಥಮಿಕ ಹಂತದಲ್ಲಿ ಭಾಷಾ ಅಲ್ಪಸಂಖ್ಯಾತ ಮಕ್ಕಳಿಗೆ ಮಾತೃಭಾಷೆಯಲ್ಲಿ ಕಲಿಸುವ ಸೌಲಭ್ಯದ ಮಾತು ಸಂವಿಧಾನದ 350ಎ ವಿಧಿಯಲ್ಲಿ 1956ರಿಂದ ಇದೆ. ಆಂಧ್ರಪ್ರದೇಶವೇ 2004ರಲ್ಲಿ ಸವರ, ಕೋಯ, ಗೋಂಡಿ ಮೊದಲಾದ ಎಂಟು ಭಾಷೆಗಳಲ್ಲಿ ಬುಡಕಟ್ಟು ಮಕ್ಕಳಿಗೆ ಮಾತೃಭಾಷಾ ಶಿಕ್ಷಣ ಶುರುಮಾಡಿತ್ತು. ಬುಡಕಟ್ಟು ಮಾತುಗಳಿಗೆ ಪುಸ್ತಕ ಮಾಡಿದ ರಾಜ್ಯಕ್ಕೆ, ಪಕ್ಕದ ರಾಜ್ಯದಲ್ಲಿ ಪುಸ್ತಕ ಸಿದ್ಧ ಇರುವ ಭಾಷೆ ಕಷ್ಟ ಆಗಬಾರದು.

ಕನ್ನಡದವರಾದ ನಮಗೂ ಒಂದು ಮಾತು. ಗಡಿನಾಡ ಕನ್ನಡದ ಬಗ್ಗೆ ನಾವು ಮಾಡುವ ಭಾಷಣಗಳಲ್ಲಿ ಶಾಲೆ ಬರುತ್ತದೆ, ನಾಮಫಲಕ ಬರುತ್ತದೆ, ಕಾಲೇಜು ಪ್ರವೇಶದ ಮೀಸಲಾತಿ ಬರುತ್ತದೆ. ಅಂಗನವಾಡಿ ಬರುವುದಿಲ್ಲ. ಹದಿನೆಂಟನೆ ವಯಸ್ಸಿನಲ್ಲಿ ಕನ್ನಡಿಗ ಅಂತ ಪ್ರಮಾಣಪತ್ರ ಕೇಳುವ ಮೊದಲು, ಮೂರನೆ ವಯಸ್ಸಿನಲ್ಲಿ ಆ ಮಗುವಿಗೆ ಕನ್ನಡದಲ್ಲಿ ಒಂದು ಕತೆ ಹೇಳಿದವರು ಯಾರು ಅಂತ ಕೇಳಬೇಕಲ್ಲವೇ?

ಸಂವಾದ

ಪ್ರಶ್ನೆ: ಒಂದು ಮನೆಯ ಅನುಭವದಿಂದ ಇಷ್ಟು ದೊಡ್ಡ ತೀರ್ಮಾನಕ್ಕೆ ಬರಬಹುದೇ?

ಉತ್ತರ: ಬರಬಾರದು, ಸರ್. ನಮ್ಮ ಮನೆ ಪುರಾವೆ ಅಲ್ಲ. ಏನನ್ನು ಎಣಿಸಬೇಕಿತ್ತು ಅಂತ ತೋರಿಸುವ ಉದಾಹರಣೆ ಮಾತ್ರ. ಮುಂದೆ ಈ ಸೀಮೆಯಲ್ಲಿ ಯಾರಾದರೂ ಅಧ್ಯಯನ ಮಾಡುವುದಾದರೆ ಎರಡು ಕಲಮು ಸೇರಿಸಲಿ ಅಂತ ನನ್ನ ಕೋರಿಕೆ: ಈ ಮಗುವನ್ನು ಅಲ್ಲಿಯವರೆಗೆ ಯಾರು ಎತ್ತಿಕೊಂಡಿದ್ದರು? ಟೀಚರಿಗೆ ಈ ಮಗುವಿನ ಮಾತು ಗೊತ್ತಿದೆಯೇ?

ಪ್ರಶ್ನೆ: ಕೊನೆಗೆ ನಿಮ್ಮ ಅಕ್ಕನಿಗೆ ಏನು ಹೇಳಿದಿರಿ?

ಉತ್ತರ: ಅಂಗನವಾಡಿಗೇ ಹಾಕು ಅಂದೆ, ಮೇಡಂ. ಮೊಟ್ಟೆ ಸಿಗುತ್ತೆ, ಜೊತೆಗೆ ಮಕ್ಕಳು ಸಿಗ್ತಾರೆ, ನಿನಗೆ ಕೆಲಸಕ್ಕೆ ಹೋಗೋಕೆ ಬಿಡುವೂ ಸಿಗುತ್ತೆ. ಮೊದಲ ವಾರ ನೀನೂ ಅರ್ಧ ಗಂಟೆ ಅಲ್ಲೇ ಕೂತ್ಕೊ, ಮಗು ಹೇಳಿದ್ದನ್ನ ಟೀಚರಿಗೆ ತೆಲುಗಲ್ಲಿ ಹೇಳು ಅಂದೆ. ಅದಕ್ಕೆ ಅವಳು, “ನಾ ಹೋದ್ರ ಅವ್ರು ಏನಂತಾರ, ನಾ ಏಳನೆತ್ತ ಓದಿದಾಕಿ” ಅಂದಳು. ಆ ಏಳನೆತ್ತಕ್ಕೆ ಏನು ಬೆಲೆ ಅಂತ ಅವಳಿಗೆ ಹೇಳೋಕೆ ನನಗೆ ಈ ಪ್ರಬಂಧ ಬೇಕಾಯಿತು. ಜೂನ್‌ನಲ್ಲಿ ಅಂಗನವಾಡಿ ಶುರುವಾಗುತ್ತೆ. ಹೋಗ್ತೀನಿ ಅಂದಿದಾಳೆ.